ಎರಡು ತಾಲ್ಲೂಕಿನ ಜಮೀನು, ಒಂದೇ ದಾವೆ: ಗುತ್ತಿಗೆ ವ್ಯಾಜ್ಯದಲ್ಲಿ ನನ್ನ ಅನುಭವ

ಗುತ್ತಿಗೆಯ ಅವಧಿ ಮುಗಿದರೂ ಜಮೀನು ಬಿಡದ ಸಂಸ್ಥೆಯೊಂದರ ವಿರುದ್ಧ ಸ್ವಾಧೀನ, ಬಾಕಿ ಬಾಡಿಗೆ ಮತ್ತು ಮೀನ್ ಪ್ರಾಫಿಟ್ಸ್ (ಅಕ್ರಮವಾಗಿ ಸ್ವಾಧೀನದಲ್ಲಿದ್ದ ಅವಧಿಯ ಆದಾಯ) ಮೂರನ್ನೂ ಒಂದೇ ವಾದಪತ್ರದಲ್ಲಿ ಕೇಳುತ್ತೇನೆ ಎಂದಾಗ ನಮ್ಮ ವಕೀಲರ ಸಂಘದಲ್ಲಿ ಒಪ್ಪಿದವರು ಯಾರೂ ಇರಲಿಲ್ಲ. ಜಮೀನು ಎರಡು ತಾಲ್ಲೂಕುಗಳಲ್ಲಿ ಹರಡಿದೆ, ಬಾಡಿಗೆಯ ತಕರಾರು ನಗರದ ನ್ಯಾಯಾಲಯಕ್ಕೇ ಸೇರಬೇಕೆಂದು ಕರಾರಿನಲ್ಲಿ ಬರೆದಿದೆ, ಆದ್ದರಿಂದ ಮೂರು ದಾವೆ ಹೂಡುವುದೇ ಸುರಕ್ಷಿತ ಎಂಬುದು ಹಿರಿಯರ ಸಲಹೆಯಾಗಿತ್ತು. ಆ ಒಂದೇ ದಾವೆ ಈಗ ಡಿಕ್ರಿಯಾಗಿದೆ, ಸ್ವಾಧೀನವೂ ಕೈಸೇರಿದೆ. ವಾದಪತ್ರದ ನಕಲು ಕೇಳಿ ಬರುವವರಲ್ಲಿ ಅಂದು ತಲೆಯಾಡಿಸಿದವರೂ ಇದ್ದಾರೆ.

ಜಮೀನು ಒಂಬತ್ತು ಎಕರೆಯ ಆಸುಪಾಸು, ಕೃಷಿಯೇತರ ಬಳಕೆಗೆ ಭೂಪರಿವರ್ತನೆ ಆದದ್ದು, ತಿಂಗಳ ಬಾಡಿಗೆ ಅರವತ್ತು ಸಾವಿರದಷ್ಟು. ಪರಿವರ್ತನೆಯ ಆದೇಶವನ್ನು ಮೊದಲ ದಾಖಲೆಯಾಗಿಯೇ ಹಾಜರುಪಡಿಸಿದ್ದರಿಂದ ಗೇಣಿದಾರನೆಂದು ಹೇಳಿಕೊಂಡು ವಿಷಯವನ್ನು ಭೂ ನ್ಯಾಯಮಂಡಳಿಗೆ ಒಯ್ಯುವ, ಭೂಸುಧಾರಣಾ ಕಾಯ್ದೆಯ ಕಲಂ 133ರ ತಕರಾರು ತಲೆ ಎತ್ತಲೇ ಇಲ್ಲ.

ನನ್ನ ಬಳಿಗೆ ಕಡತ ಬರುವ ಮೊದಲು ಬೇರೊಬ್ಬ ವಕೀಲರು ಕರಾರಿನ ಷರತ್ತನ್ನು ನಂಬಿ ನಗರದಲ್ಲೇ ದಾವೆ ಹೂಡಿದ್ದರು. ಪ್ರತಿವಾದಿ ಮೊದಲ ಅವಕಾಶದಲ್ಲೇ ಆಕ್ಷೇಪ ಎತ್ತಿದ್ದರಿಂದ ತಡವಾಗಿ ಎತ್ತಿದ ಸ್ಥಳವ್ಯಾಪ್ತಿಯ ಆಕ್ಷೇಪವನ್ನು ತಳ್ಳಿಹಾಕುವ, ಸಿವಿಲ್ ಪ್ರಕ್ರಿಯಾ ಸಂಹಿತೆಯ (ಮುಂದೆ ಕಾಯ್ದೆಯ ಹೆಸರಿಲ್ಲದೆ ಬರುವ ಕಲಂ, ಆದೇಶಗಳೆಲ್ಲ ಇದರವೇ) ಕಲಂ 21ರ ಆಸರೆಯೂ ಉಳಿಯಲಿಲ್ಲ. ಎರಡೂವರೆ ವರ್ಷದಷ್ಟು ಕಾಲ ನಡೆದ ಮೇಲೆ ಸರಿಯಾದ ನ್ಯಾಯಾಲಯಕ್ಕೆ ಸಲ್ಲಿಸಲೆಂದು ಆದೇಶ 7 ನಿಯಮ 10ರಡಿ ವಾದಪತ್ರ ಹಿಂದಿರುಗಿತು, ಅದರೊಂದಿಗೆ ಮಧ್ಯಂತರ ತಡೆಯಾಜ್ಞೆಯೂ ಹೋಯಿತು. ಹಿಂದಿರುಗಿದ ವಾದಪತ್ರದ ಮೇಲಿನ ವಿಚಾರಣೆ ಮೊದಲಿಂದಲೇ ಆರಂಭವಾಗಬೇಕೆಂದು ಸುಪ್ರೀಂ ಕೋರ್ಟ್ ಇಎಕ್ಸ್‌ಎಲ್ ಕೆರಿಯರ್ಸ್ ಪ್ರಕರಣದಲ್ಲಿ 2020ರಲ್ಲಿ ಹೇಳಿರುವುದರಿಂದ, ಅಲ್ಲಿ ದಾಖಲಾಗಿದ್ದ ಸಾಕ್ಷ್ಯವೂ ಕೆಲಸಕ್ಕೆ ಬರಲಿಲ್ಲ. ಶುಲ್ಕ, ಓಡಾಟ, ನಕಲುಗಳೆಂದು ಕಕ್ಷಿದಾರರು ಅಷ್ಟರೊಳಗೆ ಮೂರೂವರೆ ಲಕ್ಷ ಕಳೆದುಕೊಂಡಿದ್ದರು. ಸ್ಥಿರಾಸ್ತಿಯ ಸ್ವಾಧೀನ ಕೇಳುವ ದಾವೆಯಲ್ಲಿ ಪಕ್ಷಗಾರರ ಒಪ್ಪಿಗೆಯಿಂದ ನ್ಯಾಯವ್ಯಾಪ್ತಿ ಹುಟ್ಟುವುದಿಲ್ಲ ಎಂದು ಸುಪ್ರೀಂ ಕೋರ್ಟಿನ 2005ರ ಹರ್ಷದ್ ಚಿಮನ್‌ಲಾಲ್ ಮೋದಿ ತೀರ್ಪು ಅಷ್ಟು ಸ್ಪಷ್ಟವಾಗಿ ಹೇಳಿದ್ದರೂ ಇಂಥ ದಾವೆಗಳು ಇಂದಿಗೂ ನಗರಗಳಲ್ಲಿ ದಾಖಲಾಗುತ್ತಲೇ ಇವೆ.

ಆಸ್ತಿ ಬೇರೆಬೇರೆ ನ್ಯಾಯಾಲಯಗಳ ಎಲ್ಲೆಯಲ್ಲಿ ಹರಡಿದ್ದರೆ ಯಾವುದಾದರೊಂದರಲ್ಲಿ ದಾವೆ ಹೂಡಲು ಬಿಡುವ ಕಲಂ 17ನ್ನು ನಾನು ಮುಂದಿಟ್ಟುಕೊಂಡು ಒಂದು ತಾಲ್ಲೂಕಿನ ಹಿರಿಯ ಸಿವಿಲ್ ನ್ಯಾಯಾಧೀಶರ ಮುಂದೆ ದಾವೆ ಹೂಡಿದೆ. ಬಾಕಿ ಬಾಡಿಗೆಯನ್ನೂ ಮೀನ್ ಪ್ರಾಫಿಟ್ಸನ್ನೂ ಸ್ವಾಧೀನದ ಬೆನ್ನಿಗೆ ಕಟ್ಟಲು ಆದೇಶ 2 ನಿಯಮ 4 ಸಾಕಾಗಿತ್ತು, ಅದಕ್ಕೆ ನ್ಯಾಯಾಲಯದ ಅನುಮತಿಯೂ ಬೇಕಿರಲಿಲ್ಲ. ನ್ಯಾಯಾಲಯ ಶುಲ್ಕವನ್ನು ಜಮೀನಿನ ಮಾರುಕಟ್ಟೆ ಬೆಲೆಯ ಮೇಲೆ ಕಟ್ಟಬೇಕಾದೀತೆಂದು ಕಕ್ಷಿದಾರರು ಬೆದರಿದ್ದರು. ಅವಧಿ ಮುಗಿದ ಗುತ್ತಿಗೆದಾರನ ಮೇಲಿನ ದಾವೆಯಾದ್ದರಿಂದ 1958ರ ಶುಲ್ಕ ಕಾಯ್ದೆಯ ಕಲಂ 41ರಂತೆ ಹಿಂದಿನ ವರ್ಷದ ಬಾಡಿಗೆಯ ಲೆಕ್ಕದಲ್ಲೇ ಸ್ವಾಧೀನದ ಭಾಗ ಮುಗಿಯಿತು. ಸ್ವಾಧೀನಕ್ಕೆ ಕಾಲಮಿತಿ ಕಾಯ್ದೆಯ ಅನುಚ್ಛೇದ 67ರ ಹನ್ನೆರಡು ವರ್ಷ ಧಾರಾಳವಾಗಿ ಉಳಿದಿತ್ತು, ತೊಂದರೆ ಇದ್ದದ್ದು ಮೂರೇ ವರ್ಷದ ಕಾಲಮಿತಿಯಿರುವ ಬಾಡಿಗೆಗೆ. ನಗರದಲ್ಲಿ ಕಳೆದ ಕಾಲವನ್ನು ಕಾಲಮಿತಿ ಕಾಯ್ದೆಯ ಕಲಂ 14ರಡಿ ಕಳೆಯಿಸಿಕೊಳ್ಳಲು ಸದ್ಭಾವನೆಯನ್ನು ತೋರಿಸಬೇಕಿತ್ತು. ನಗರವನ್ನು ಹೆಸರಿಸಿದ ಷರತ್ತನ್ನು ಕರಾರಿಗೆ ಸೇರಿಸಿದವರೇ ಗುತ್ತಿಗೆದಾರರು ಎಂಬುದು ಅಲ್ಲಿ ನಮ್ಮ ಕೈಹಿಡಿಯಿತು, ಹನ್ನೊಂದು ಲಕ್ಷದ ಹತ್ತಿರದ ಬಾಕಿ ಕಾಲಮಿತಿಗೆ ಬಲಿಯಾಗದೆ ಉಳಿಯಿತು.

ನಿಜವಾದ ತಲೆನೋವು ತಾಲ್ಲೂಕಿನ ಗಡಿಯದ್ದು. ಜಮೀನಿನ ನಡುವಿನ ಹಳ್ಳವೇ ಗಡಿಯೆಂದು ಎಲ್ಲರೂ ಹೇಳುತ್ತಿದ್ದರೂ ಹಳ್ಳ ಪಾತ್ರ ಬದಲಿಸಿತ್ತು. ಎರಡೂ ಕಡೆ ಹದ್ದುಬಸ್ತಿಗೆ (ಗಡಿ ಅಳತೆಗೆ) ಅರ್ಜಿ ಕೊಟ್ಟು, ತಿಂಗಳುಗಟ್ಟಲೆ ಕಾದು, ಓಡಾಟವೂ ಸೇರಿ ನಲವತ್ತು ಸಾವಿರದಷ್ಟು ಖರ್ಚು ಮಾಡಿದ ಮೇಲೆ ಬಂದ ಎರಡು ನಕ್ಷೆಗಳಲ್ಲಿ ಗಡಿ ಕೆಲವು ಗುಂಟೆ ಆಚೀಚೆ ಇತ್ತು. ಆದೇಶ 26 ನಿಯಮ 9ರಡಿ ಸ್ಥಳ ಪರಿಶೀಲನೆಗೆ ಕಮಿಷನರ್ ನೇಮಿಸಲು ಹಾಕಿದ ಅರ್ಜಿ, ಸಾಕ್ಷ್ಯ ಸಂಗ್ರಹಕ್ಕೆ ಕಮಿಷನ್ ಬಳಸಲಾಗದು ಎಂಬ ಕಾರಣಕ್ಕೆ ವಜಾ ಆಯಿತು. ಆಗ ನಕ್ಷೆಗಳನ್ನು ಹೊಂದಿಸುವ ಯತ್ನವನ್ನೇ ಕೈಬಿಟ್ಟು, ಅವುಗಳ ಅಂತರವನ್ನೇ ನನ್ನ ಪರವಾಗಿ ಬಳಸಿದೆ. ಯಾವ ನ್ಯಾಯಾಲಯದ ಎಲ್ಲೆಗೆ ಸೇರಿದ್ದೆಂದು ಅನಿಶ್ಚಿತವಾಗಿರುವ ಆ ಪಟ್ಟಿಯಷ್ಟು ಜಾಗಕ್ಕೆ ಕಲಂ 18ನ್ನು ಪರ್ಯಾಯವಾಗಿ ವಾದಪತ್ರದಲ್ಲಿ ಸೇರಿಸಿ, ಅನಿಶ್ಚಿತತೆಗೆ ಆಧಾರವಿದೆಯೆಂಬ ಹೇಳಿಕೆಯನ್ನು ನ್ಯಾಯಾಲಯವೇ ದಾಖಲಿಸುವಂತೆ ಮಾಡಿದೆ. ಆ ಹೇಳಿಕೆ ದಾಖಲಾಯಿತೆಂದರೆ ಮೇಲ್ಮನವಿಯಲ್ಲಿ ಎದುರಾಳಿಯ ಬಾಯಿ ಬಹುಮಟ್ಟಿಗೆ ಕಟ್ಟಿದಂತೆ. ಕಲಂ 18ನ್ನು ನಮ್ಮಲ್ಲಿ ಬಳಸುವವರೇ ವಿರಳ.

ಎರಡು ತಾಲ್ಲೂಕುಗಳಲ್ಲಿ ಯಾವುದನ್ನು, ಯಾವ ಕಾರಣಕ್ಕೆ ಆರಿಸಿದೆ ಎಂಬುದನ್ನು ಇಲ್ಲಿ ಬರೆಯುವುದಿಲ್ಲ. ಅದು ನನ್ನ ಹೊಟ್ಟೆಪಾಡಿನ ಗುಟ್ಟು. ವಿಸ್ತೀರ್ಣ ಹೆಚ್ಚಿರುವ ಕಡೆ ಎಂಬ ಊಹೆ ಮಾತ್ರ ತಪ್ಪು.

ಪ್ರತಿವಾದಿಯ ಅರ್ಜಿ ನಿರೀಕ್ಷಿಸಿದಂತೆಯೇ ಬಂತು. ಬಾಡಿಗೆಯ ಭಾಗ ಕರಾರಿನಂತೆ ನಗರಕ್ಕೆ ಹೋಗಬೇಕು, ಉಳಿದದ್ದು ವಾಣಿಜ್ಯ ನ್ಯಾಯಾಲಯಕ್ಕೆ ಸೇರಬೇಕು ಎಂದಿದ್ದರು. ಮೊದಲನೆಯದಕ್ಕೆ, ಭೂಮಿ ಬೇರೆಡೆ ಇರುವುದರಿಂದ ನಗರದ ನ್ಯಾಯಾಲಯಕ್ಕೆ ಇಡೀ ದಾವೆಯ ಮೇಲೆ ಅಧಿಕಾರವಿಲ್ಲವೆಂದು ಅವರೇ ಹಿಂದೆ ಸಲ್ಲಿಸಿದ್ದ ಲಿಖಿತ ಹೇಳಿಕೆಯ ದೃಢೀಕೃತ ನಕಲನ್ನು ಮುಂದಿಟ್ಟೆ. ಎರಡನೆಯದಕ್ಕೆ ಉತ್ತರ ಸುಪ್ರೀಂ ಕೋರ್ಟಿನ ಅಂಬಾಲಾಲ್ ಸಾರಾಭಾಯ್ ತೀರ್ಪಿನಲ್ಲಿತ್ತು: ವ್ಯಾಜ್ಯ ವಾಣಿಜ್ಯದ್ದೆನಿಸಲು ಸ್ಥಿರಾಸ್ತಿ ವ್ಯಾಪಾರಕ್ಕೆ ವಾಸ್ತವವಾಗಿ ಬಳಕೆಯಾಗುತ್ತಿರಬೇಕು, ಮುಂದೆ ಬಳಸುವ ಉದ್ದೇಶ ಸಾಲದು. ಕರಾರಿನಲ್ಲಿ ಗೋದಾಮು ಎಂದಿದ್ದರೂ ಅಲ್ಲಿ ಇದ್ದದ್ದು ತಂತಿಬೇಲಿ ಮತ್ತು ಖಾಲಿ ನೆಲ. ಅರ್ಜಿ ವಜಾ ಆಯಿತು. ವಾದಪತ್ರ ಹಿಂದಿರುಗಿಸಿದ ಆದೇಶಕ್ಕೆ ಮೇಲ್ಮನವಿ ಇದೆಯೇ ಹೊರತು ಹಿಂದಿರುಗಿಸಲು ನಿರಾಕರಿಸಿದ್ದಕ್ಕೆ ಇಲ್ಲವಾದ್ದರಿಂದ ಅವರು ಸಂವಿಧಾನದ ಅನುಚ್ಛೇದ 227ರಡಿ ಹೈಕೋರ್ಟಿಗೆ ಹೋದರು, ಅಲ್ಲಿಯೂ ಫಲ ಸಿಗಲಿಲ್ಲ.

ಇದರ ನಡುವೆ ಬೇರೆ ಕಡತಗಳಲ್ಲಿ ಕೆಲವು ಪ್ರಯೋಗ ಮಾಡಿ ನೋಡಿದ್ದೇನೆ. ಇನ್ನೊಬ್ಬ ಮಾಲೀಕರಿಗಾಗಿ ಬಾಕಿ ಬಾಡಿಗೆಯನ್ನಷ್ಟೇ ಕಲಂ 20ರಡಿ ಪ್ರತಿವಾದಿಯ ಊರಿನಲ್ಲಿ ಕೇಳಿದೆ. ಒಂದೂವರೆ ವರ್ಷದೊಳಗೆ ಡಿಕ್ರಿ ಬಂತು, ಹಣವೂ ಬಂತು. ಆದರೆ ಮುಂದೆ ಸ್ವಾಧೀನಕ್ಕೆ ಹೋದಾಗ ಒಂದೇ ಕಾರಣದ ಬೇಡಿಕೆಗಳನ್ನೆಲ್ಲ ಒಂದೇ ದಾವೆಯಲ್ಲಿ ಕೇಳಬೇಕಿತ್ತೆಂಬ ಆದೇಶ 2 ನಿಯಮ 2ರ ತಕರಾರನ್ನು ಎದುರಿಸಬೇಕಾಯಿತು. ತಕರಾರು ನಿಲ್ಲಲಿಲ್ಲವಾದರೂ ಒಂದು ವರ್ಷವನ್ನು ತಿಂದಿತು. ಜಮೀನು ಇರುವಲ್ಲೇ ದಾವೆ ಹೂಡಬೇಕೆನ್ನುವ ಕಲಂ 16ರ ಪರಂತುಕದಡಿ (ವಿನಾಯಿತಿಯಡಿ), ಪ್ರತಿವಾದಿ ತಾನಾಗಿ ಪಾಲಿಸಿದರೆ ಪರಿಹಾರ ಪೂರ್ಣವಾಗಿ ಸಿಗುತ್ತದೆ ಎಂದು ವಾದಿಸಿ ಮತ್ತೊಂದು ದಾವೆಯನ್ನು ನಗರದಲ್ಲಿ ನಿಲ್ಲಿಸಲು ಯತ್ನಿಸಿದೆ. ಒಳಗುತ್ತಿಗೆಯ ಬಾಡಿಗೆ ಲೆಕ್ಕ ಒಪ್ಪಿಸುವ ಬೇಡಿಕೆ ಉಳಿಯಿತು, ಸ್ವಾಧೀನದ ಬೇಡಿಕೆಯನ್ನು ಬಿಟ್ಟುಕೊಡಬೇಕಾಯಿತು. ಪರಂತುಕದಿಂದ ಅದಕ್ಕಿಂತ ಹೆಚ್ಚು ಹಿಂಡಲು ಹೋಗಬಾರದೆಂಬುದು ನನ್ನ ಅಭಿಪ್ರಾಯ.

ಮುಖ್ಯ ದಾವೆಯಲ್ಲಿ ನನ್ನ ಶುಲ್ಕ ಸೇರಿಯೂ ಒಟ್ಟು ಖರ್ಚು ಎರಡೂವರೆ ಲಕ್ಷ ದಾಟಲಿಲ್ಲ. ಮೂರು ದಾವೆಯ ದಾರಿ ಹಿಡಿದಿದ್ದರೆ ಅದರ ದುಪ್ಪಟ್ಟಾದರೂ ಆಗುತ್ತಿತ್ತು. ಮೀನ್ ಪ್ರಾಫಿಟ್ಸ್ ಎಷ್ಟೆಂದು ನಿರ್ಧರಿಸುವ ಆದೇಶ 20 ನಿಯಮ 12ರ ವಿಚಾರಣೆ ಈಗ ನಡೆಯುತ್ತಿದೆ. ಹಳ್ಳದ ಎರಡೂ ಬದಿಯ ಬಾಡಿಗೆ ದರಗಳು ಬೇರೆಬೇರೆಯಾದ್ದರಿಂದ ಪ್ರತಿವಾದಿ ಕಡಿಮೆ ದರವನ್ನು ಇಡೀ ಜಮೀನಿಗೆ ಅನ್ವಯಿಸಬೇಕು ಎನ್ನುತ್ತಿದ್ದಾರೆ. ನಾನು ಎರಡೂ ಕಡೆಯ ನೋಂದಾಯಿತ ಗುತ್ತಿಗೆ ಪತ್ರಗಳ ನಕಲು ತೆಗೆಸಿ, ಬದಿಗೊಂದರಂತೆ ಎರಡು ಲೆಕ್ಕ ಸಲ್ಲಿಸಿದ್ದೇನೆ.