ತೆಂಗಿನಕಾಯಿ ಗುರುತು ಹಿಡಿದು ಮನೆಮನೆ ತಿರುಗಿದ್ದು

2013ರ ವಿಧಾನಸಭೆ ಚುನಾವಣೆಯಲ್ಲಿ ಅರಸೀಕೆರೆ ತಾಲ್ಲೂಕಿನ ಕಣಕಟ್ಟೆ ಕಡೆ ನಾನು ಕೆಜೆಪಿಗೆ, ಅಂದರೆ ಬಿಜೆಪಿ ಬಿಟ್ಟು ಬಂದ ಯಡಿಯೂರಪ್ಪನವರ ಕರ್ನಾಟಕ ಜನತಾ ಪಕ್ಷಕ್ಕೆ, ಬೂತ್ ಕೆಲಸ ಮಾಡಿದೆ. 2012ರ ಡಿಸೆಂಬರ್‌ನಲ್ಲಿ ಯಡಿಯೂರಪ್ಪನವರು ಹಾವೇರಿಯಲ್ಲಿ ಸಮಾವೇಶ ಮಾಡಿದ ಮೇಲೆ ನಮ್ಮ ಕಡೆಯೂ ಹುಮ್ಮಸ್ಸು ಬಂತು. ಮತದಾನಕ್ಕೆ ಇದ್ದದ್ದು ಐದೇ ತಿಂಗಳು.

ಗುರುತು ತೆಂಗಿನಕಾಯಿ. ಕೊಬ್ಬರಿ ನಂಬಿ ಬದುಕುವ ಊರಿಗೆ ಇದಕ್ಕಿಂತ ಒಳ್ಳೆ ಗುರುತು ಬೇಕಾ? ಅಧಿಕಾರಿಗಳು ಗೋಡೆ ಬರಹ ಅಳಿಸಬಹುದು, ಅಂಗಳದಲ್ಲಿ ರಾಶಿ ಬಿದ್ದಿರೋ ಕಾಯಿಗೆ ಏನು ಮಾಡ್ತಾರೆ!

ಆದರೆ ವಯಸ್ಸಾದವರಿಗೆ ತಿಳಿಸೋದೇ ದೊಡ್ಡ ಕೆಲಸ. "ಯಡಿಯೂರಪ್ಪಂದು ಕಮಲ ಅಲ್ವೇನಪ್ಪಾ?" ಅನ್ನೋರು. ಅವರ ಹೆಸರಿನ ಜೊತೆ ಕಮಲ ಅಷ್ಟು ಅಂಟಿಕೊಂಡಿತ್ತು. ಜಗಲಿ ಮೇಲೆ ಕೂತು ಮಾದರಿ ಮತಪತ್ರ ಬಿಚ್ಚಿ, "ಅಜ್ಜಿ, ಈ ಸಲ ಕಾಯಿ ಪಕ್ಕದ ಬಟನ್ ಒತ್ತಿ" ಅಂತ ಬೆರಳು ಹಿಡಿದು ತೋರಿಸುತ್ತಿದ್ದೆವು. ಮರುದಿನ ಹೋದರೆ ಮತ್ತೆ ಅದೇ ಪ್ರಶ್ನೆ.

ಮತದಾರರ ಪಟ್ಟಿಯನ್ನು ನೋಟ್‌ಬುಕ್ಕಿಗೆ ಇಳಿಸಿಕೊಂಡಿದ್ದೆ, ಮನೆ ಲೆಕ್ಕದಲ್ಲಿ. ನಮ್ಮ ಓಟಿಗೆ ಹಸಿರು ಪೆನ್ನು, ಬೇರೆಯವರದ್ದಕ್ಕೆ ಕೆಂಪು, ಅನುಮಾನ ಇದ್ದರೆ ಪೆನ್ಸಿಲ್. ಯಡಿಯೂರಪ್ಪನವರು ಅಧಿಕಾರದಲ್ಲಿದ್ದಾಗ ಹೆಣ್ಣುಮಕ್ಕಳ ಹೆಸರಿಗೆ ಭಾಗ್ಯಲಕ್ಷ್ಮಿ ಬಾಂಡ್ ಬಂದ ಮನೆ, ಹೈಸ್ಕೂಲ್ ಮಕ್ಕಳಿಗೆ ಸೈಕಲ್ ಸಿಕ್ಕ ಮನೆ ಎಲ್ಲ ಹಸಿರಾಗಲಿ ಅಂತ ಮೇಲಿನವರ ಆಸೆ. ಹತ್ತಿರ ಹೋಗಿ ಕೂತರೆ ಮಾತೇ ಬೇರೆ. ಸೈಕಲ್ ಬಗ್ಗೆ ಹೊಗಳ್ತಾರೆ, ಕಾಫಿ ಕೊಡ್ತಾರೆ. ಆಮೇಲೆ "ಸರ್ಕಾರ ಕೊಟ್ಟಿದ್ದು ಅಲ್ವಾ?" ಅಂತ ಮೆಲ್ಲಗೆ ಕೇಳ್ತಾರೆ. ನಾಳೆ ಪಹಣಿಗೋ ಬೋರ್‌ವೆಲ್‌ಗೋ ಯಾರ ಹತ್ತಿರ ಹೋಗಬೇಕು ಅನ್ನೋದು ಅವರ ನಿಜವಾದ ಲೆಕ್ಕ. ಹಾಸನ ಜಿಲ್ಲೆಯಲ್ಲಿ ಅಂಥ ಕೆಲಸಕ್ಕೆ ಜೆಡಿಎಸ್‌ನವರು ಊರೂರಲ್ಲೂ ಇದ್ದರು. ನಮಗೆ ಇದ್ದದ್ದು ಒಬ್ಬ ನಾಯಕ, ಒಂದು ಸಿಟ್ಟು. ಪಂಚಾಯಿತಿ ಮಟ್ಟದಲ್ಲಿ ಮುಖವೇ ಇರಲಿಲ್ಲ.

ಮೇ 8ಕ್ಕೆ ಎಣಿಕೆ. ಅರಸೀಕೆರೆ ಜೆಡಿಎಸ್ ಪಾಲಾಯಿತು. ರಾಜ್ಯದಲ್ಲಿ ಕೆಜೆಪಿಗೆ ಬಂದದ್ದು 6 ಸೀಟು, ಓಟು ಮಾತ್ರ ಹತ್ತಿರ ಹತ್ತಿರ ಶೇ 10. ಬಿಜೆಪಿ 40ಕ್ಕೆ ಇಳಿಯಿತು, ಕಾಂಗ್ರೆಸ್ 122 ಸೀಟು ಗೆದ್ದು ಸರ್ಕಾರ ಮಾಡಿತು. ಬಿಜೆಪಿಯನ್ನು ಕೆಡವೋಕೆ ನಮ್ಮ ಬಲ ಸಾಕಾಯಿತು, ನಾವು ಎದ್ದು ನಿಲ್ಲೋಕೆ ಸಾಲಲಿಲ್ಲ.

2014ರ ಜನವರಿಯಲ್ಲಿ ಯಡಿಯೂರಪ್ಪನವರು ಬಿಜೆಪಿಗೆ ವಾಪಸ್ಸಾದರು. ನಮ್ಮನ್ನು ಯಾರೂ ಕೇಳಲಿಲ್ಲ, ಟಿವಿ ನೋಡಿ ತಿಳಿದುಕೊಂಡೆವು. ಲೋಕಸಭೆ ಚುನಾವಣೆ ಹತ್ತಿರ ಬಂದಾಗ ಕಮಲದ ಹಳೇ ಸ್ನೇಹಿತರು ಕರೆದರು. ಕೂತ ತಕ್ಷಣ ಕೇಳಿದ್ದೇ ಆ ನೋಟ್‌ಬುಕ್ಕು. ಕೊಟ್ಟೆ. ಬೂತ್ ಏಜೆಂಟ್ ಕೆಲಸ ಮಾತ್ರ ಪಕ್ಷ ಬಿಡದೆ ಉಳಿದಿದ್ದವರಿಗೇ ಹೋಯಿತು.