ಗರಸು ಮೈದಾನದಿಂದ ಲೀಗ್‌ವರೆಗೆ: ಫುಟ್‌ಬಾಲ್ ಡಿಫೆಂಡರ್ ಆಗುವುದು ಹೇಗೆ

ಕೋಲಾರ, ಬಂಗಾರಪೇಟೆ, ಕೆಜಿಎಫ್ ಕಡೆ ಹುಡುಗರು ಫುಟ್‌ಬಾಲ್ ಆಡುವ ಎಷ್ಟೋ ಮೈದಾನಗಳಲ್ಲಿ ಹುಲ್ಲಿಲ್ಲ, ಗರಸು ಮಣ್ಣು. ಟಿವಿಯಲ್ಲಿ ನೋಡಿದ, ನೆಲದ ಮೇಲೆ ಜಾರಿ ಚೆಂಡು ಕಸಿಯುವ ಸ್ಲೈಡಿಂಗ್ ಟ್ಯಾಕಲ್ ಅಲ್ಲಿ ಹಾಕಿದರೆ ತೊಡೆಯ ಚರ್ಮ ಸುಲಿದು ಆಟವೇ ನಿಲ್ಲುತ್ತದೆ. ಆದರೆ ಡಿಫೆಂಡರ್‌ಗೆ ಬೇಕಾದ ಮೊದಲ ವಿದ್ಯೆಯನ್ನು ಈ ನೆಲವೇ ಕಲಿಸುತ್ತದೆ: ಬೀಳದೆ, ನಿಂತೇ ಚೆಂಡು ಕಸಿಯುವುದು. ನೆಲಕ್ಕೆ ಬಿದ್ದವನು ಏಳುವಷ್ಟರಲ್ಲಿ ಫಾರ್ವರ್ಡ್ ಮುಂದೆ ಹೋಗಿರುತ್ತಾನೆ.

10 ಮೀಟರ್ ಉದ್ದ, 5 ಮೀಟರ್ ಅಗಲದ ಜಾಗಕ್ಕೆ ನಾಲ್ಕು ಮೂಲೆಯಲ್ಲಿ ಚಪ್ಪಲಿ ಇಟ್ಟು ಗುರುತು ಮಾಡಿ. ಜೊತೆಗಾರ ಚೆಂಡು ತಂದು ನಿಮ್ಮ ಹಿಂದಿನ ಗೆರೆ ದಾಟಬೇಕು, ನೀವು ತಡೆಯಬೇಕು. ಚೆಂಡು ಅವನ ಕಾಲಿಗೆ ಬಂದೊಡನೆ ಜೋರಾಗಿ ಹತ್ತಿರ ಓಡಿ, ಕೊನೆಯ 3 ಮೀಟರ್‌ನಲ್ಲಿ ಹೆಜ್ಜೆ ಚಿಕ್ಕದು ಮಾಡಿ, ಸುಮಾರು ಒಂದೂವರೆ ಮೀಟರ್ ದೂರದಲ್ಲಿ ನಿಲ್ಲಿ. ಒಂದು ಕಾಲು ಮುಂದೆ, ಇನ್ನೊಂದು ಹಿಂದೆ, ಮೈ ಓರೆ, ಮಂಡಿ ಬಗ್ಗಿರಲಿ, ಭಾರ ಪಾದಗಳ ಮುಂಭಾಗದ ಮೇಲಿರಲಿ. ಎರಡೂ ಪಾದ ಅಕ್ಕಪಕ್ಕ ಊರಿ ಎದೆಕೊಟ್ಟು ನಿಂತರೆ ಚೆಂಡು ಕಾಲುಗಳ ನಡುವೆಯೇ ಹೋಗುತ್ತದೆ. ಹಿಮ್ಮಡಿ ಊರಿದ್ದರೆ ತಿರುಗುವುದು ತಡವಾಗುತ್ತದೆ. ಕಣ್ಣು ಚೆಂಡಿನ ಮೇಲಿರಲಿ. ಅವನ ಭುಜ, ಸೊಂಟ ಸುಳ್ಳು ಹೇಳುತ್ತವೆ, ಚೆಂಡು ಹೇಳುವುದಿಲ್ಲ. ಅವನನ್ನು ಪಕ್ಕದ ಗೆರೆಯ ಕಡೆಗೋ, ಅವನಿಗೆ ಬಾರದ ಕಾಲಿನ ಕಡೆಗೋ ಹೋಗುವಂತೆ ಮಾಡುತ್ತಾ ಹಿಂದಕ್ಕೆ ಸರಿಯಿರಿ. ಚೆಂಡು ಅವನ ಕಾಲಿನಿಂದ ಒಂದು ಹೆಜ್ಜೆ ದೂರ ಉರುಳಿದ ಗಳಿಗೆ ಕಾಲು ಹಾಕಿ, ಅದಕ್ಕೂ ಮೊದಲು ಬೇಡ. ಹೊಸಬರೆಲ್ಲ ಸೋಲುವುದು ಇಲ್ಲೇ, ತಾಳ್ಮೆ ತಪ್ಪಿ. 30 ಸೆಕೆಂಡ್ ಆಟ, ಒಂದು ನಿಮಿಷ ವಿಶ್ರಾಂತಿ, ಹೀಗೆ 8 ಸುತ್ತು ಸಾಕು.

ಹೆಡ್ಡಿಂಗ್‌ಗೆ ಹಣೆ ಬಳಸಿ, ನೆತ್ತಿಯನ್ನಲ್ಲ. ಕಣ್ಣು ತೆರೆದಿರಲಿ, ಬಾಯಿ ಮುಚ್ಚಿರಲಿ. ಗೋಲಿನ ಮುಂದಿದ್ದಾಗ ಚೆಂಡು ಎತ್ತರಕ್ಕೆ, ದೂರಕ್ಕೆ, ಅಂಚಿಗೆ ಹೋಗಬೇಕು.

ಆಫ್‌ಸೈಡ್ ಲೈನ್, ಅಂದರೆ ಪಾಸ್ ಹೊರಡುವ ಗಳಿಗೆ ಎದುರಾಳಿ ದಾಟಿ ನಿಂತಿರಬಾರದ ಗೆರೆ, ಒಬ್ಬರ ಕೆಲಸವಲ್ಲ. ಗೋಲ್‌ಕೀಪರ್ ಸೇರಿ ಕೊನೆಯಿಂದ ಎರಡನೆಯ ಆಟಗಾರನಿಂದ ಗೆರೆ ಎಣಿಸುವುದರಿಂದ, ನಾಲ್ವರಲ್ಲಿ ಮೂವರು ಮೇಲೆ ಬಂದು ಒಬ್ಬ ಹಿಂದೆ ಉಳಿದರೂ ಅವನನ್ನು ದಾಟದ ಎದುರಾಳಿಗಳೆಲ್ಲ ಆನ್‌ಸೈಡ್. ಎದುರಾಳಿ ಚೆಂಡನ್ನು ಹಿಂದಕ್ಕೆ ಪಾಸ್ ಮಾಡಿದಾಗ ಸ್ಟಾಪರ್ (ಮಧ್ಯದ ಡಿಫೆಂಡರ್) 'ಲೈನ್' ಎಂದು ಕೂಗಬೇಕು, ಎಲ್ಲರೂ ಒಟ್ಟಿಗೆ ಮುಂದಕ್ಕೆ ಸರಿಯಬೇಕು. ಬಾಯಿ ಬಿಡದ ಸ್ಟಾಪರ್ ಎಷ್ಟು ಗಟ್ಟಿಯಾಗಿದ್ದರೂ ಅರ್ಧ ಡಿಫೆಂಡರ್ ಮಾತ್ರ. ಪಾಸ್ ಕೊಡಲು ಎರಡೂ ಕಾಲು ಪಳಗಿಸಿ. 2019ರಿಂದ ಗೋಲ್‌ಕಿಕ್‌ನ ಚೆಂಡನ್ನು ಜೊತೆಗಾರ ಪೆನಾಲ್ಟಿ ಜಾಗದ ಒಳಗೇ ಪಡೆಯಬಹುದಾದ್ದರಿಂದ ಈಗ ಆಟ ಶುರುವಾಗುವುದೇ ಡಿಫೆಂಡರ್ ಕಾಲಿನಿಂದ.

ಗಟ್ಟಿ ನೆಲಕ್ಕೆ ಉದ್ದ ಸ್ಟಡ್‌ಗಳ ಬೂಟು ಬೇಡ. ಸ್ಟಡ್ ಮಣ್ಣಿಗೆ ಇಳಿಯದೆ ಅಂಗಾಲಿಗೆ ಒತ್ತುತ್ತದೆ, ಮೊಣಕಾಲ ಕೆಳಗಿನ ಮುಂಭಾಗದ ಮೂಳೆ ನೋಯತೊಡಗುತ್ತದೆ. ಚಿಕ್ಕ ರಬ್ಬರ್ ಸ್ಟಡ್‌ಗಳಿರುವ ಟರ್ಫ್ ಶೂ ಕೊಳ್ಳಿ. ತೊಡೆಯ ಹಿಂಭಾಗದ ಸ್ನಾಯು ಹಿಡಿಯದಿರಲು ವಾರಕ್ಕೆ 2 ದಿನ ಹೀಗೆ ಮಾಡಿ: ಮಂಡಿಯೂರಿ, ಜೊತೆಗಾರ ನಿಮ್ಮ ಕಣಕಾಲು ಒತ್ತಿ ಹಿಡಿಯಲಿ, ಮಂಡಿಯಿಂದ ತಲೆವರೆಗೆ ನೇರವಾಗಿಟ್ಟು ನಿಧಾನವಾಗಿ ಮುಂದಕ್ಕೆ ವಾಲಿ, ತಡೆಯಲಾಗದಾಗ ಕೈ ಊರಿ. 5ರಂತೆ 2 ಸುತ್ತಿನಿಂದ ಶುರು ಮಾಡಿ. ಮುದ್ದೆ, ಹುರುಳಿ ಸಾರು, ಮೊಟ್ಟೆ ಇದ್ದರೆ ಪ್ರೋಟೀನ್ ಪೌಡರ್ ಡಬ್ಬದ ಹಿಂದೆ ಹೋಗಬೇಕಿಲ್ಲ. ಆಟಕ್ಕೆ ಮೂರು ಗಂಟೆ ಮುಂಚೆ ಊಟ ಮುಗಿದಿರಲಿ.

ಮುಂದಿನ ಮೆಟ್ಟಿಲು ಬೆಂಗಳೂರಿನ ಲೀಗ್. ಕೆಳ ಡಿವಿಷನ್ ತಂಡದಲ್ಲಿ ಪ್ರತಿ ವಾರ ಆಡುವುದು, ಎಲ್ಲಕ್ಕಿಂತ ಮೇಲಿನ ಸೂಪರ್ ಡಿವಿಷನ್ ತಂಡದ ಬೆಂಚಿನಲ್ಲಿ ಕೂರುವುದಕ್ಕಿಂತ ಒಳ್ಳೆಯದು. ಡಿಫೆಂಡರ್ ಆಡಿಯೇ ಹದಕ್ಕೆ ಬರಬೇಕು. ಮಾರಿಕುಪ್ಪಂ, ಬಂಗಾರಪೇಟೆಯ ರೈಲು ಹಿಡಿದು ಓಡಾಡಬಹುದು, ಆದರೆ ದಿನವೂ ಓಡಾಡಿದರೆ ನಿದ್ದೆ ಕೆಡುತ್ತದೆ, ನಿದ್ದೆ ಕೆಟ್ಟರೆ ಗಾಯ ಬೇಗ. ಲೀಗ್‌ನಿಂದ, ರಾಜ್ಯಗಳ ನಡುವಿನ ರಾಷ್ಟ್ರೀಯ ಟೂರ್ನಿಯಾದ ಸಂತೋಷ್ ಟ್ರೋಫಿಯ ರಾಜ್ಯ ತಂಡಕ್ಕೂ ದಾರಿಯಿದೆ. 2023ರಲ್ಲಿ ರಿಯಾದ್‌ನಲ್ಲಿ ಮೇಘಾಲಯವನ್ನು 3-2ರಿಂದ ಸೋಲಿಸಿ, 54 ವರ್ಷಗಳ ನಂತರ ಆ ಕಪ್ ನಮ್ಮ ರಾಜ್ಯಕ್ಕೆ ಬಂತು.

ಜನನ ಪ್ರಮಾಣಪತ್ರ, ಆಧಾರ್, ಶಾಲೆಯ ದಾಖಲೆಗಳಲ್ಲಿ ಹೆಸರು, ಹುಟ್ಟಿದ ದಿನ ಒಂದೇ ಇರಲಿ. ಕಿರಿಯರ ಟೂರ್ನಿಗಳಲ್ಲಿ ಮಣಿಕಟ್ಟಿನ ಎಕ್ಸ್‌ರೇ ತೆಗೆದು ವಯಸ್ಸು ನೋಡುವುದುಂಟು, ಇಳಿಸಿ ಬರೆಸಿದ ವಯಸ್ಸು ಅಲ್ಲಿ ಸಿಕ್ಕಿಬೀಳುತ್ತದೆ. ನಿಮ್ಮ ಪೂರ್ತಿ ಪಂದ್ಯದ ವಿಡಿಯೊ ಇಟ್ಟುಕೊಳ್ಳಿ. ಒಳ್ಳೆಯ ಟ್ಯಾಕಲ್‌ಗಳ ತುಣುಕಿನಲ್ಲಿ ನೀವು ನಿಂತ ಜಾಗ ಸರಿಯಿತ್ತೇ ಎಂದು ಕೋಚ್‌ಗೆ ತಿಳಿಯುವುದಿಲ್ಲ. ಆಯ್ಕೆ ಮಾಡಿಸುತ್ತೇನೆಂದು ಮುಂಗಡ ಕೇಳುವವರಿಗೆ ಒಂದು ರೂಪಾಯಿಯನ್ನೂ ಕೊಡಬೇಡಿ. ಕ್ಲಬ್ ಜೊತೆಗಿನ ಕರಾರಿನಲ್ಲಿ ಸಂಬಳದ ದಿನಾಂಕ, ಗಾಯವಾದರೆ ಚಿಕಿತ್ಸೆಯ ಖರ್ಚು ಯಾರದು, ಆಡದ ತಿಂಗಳ ಸಂಬಳ ಎಷ್ಟು ಎಂಬುದು ಬರೆದಿರಬೇಕು. 18 ತುಂಬದವರ ವೃತ್ತಿಪರ ಕರಾರು ಫಿಫಾ ನಿಯಮದಂತೆ 3 ವರ್ಷ ಮೀರುವಂತಿಲ್ಲ. ಸಹಿಯಾದ ಕರಾರಿನ ಒಂದು ಪ್ರತಿಯನ್ನು ಅದೇ ದಿನ ಮನೆಗೆ ತನ್ನಿ.