ಹೈಕೋರ್ಟ್ ಆದೇಶ ಕೈಯಲ್ಲಿದೆ, ಕಚೇರಿಯಲ್ಲಿ ಫೈಲ್ ಕದಲುತ್ತಿಲ್ಲ: ಕಂಟೆಂಪ್ಟ್‌ಗೆ (ಆದೇಶ ಪಾಲಿಸದವರ ಮೇಲಿನ ನ್ಯಾಯಾಂಗ ನಿಂದನೆ ಅರ್ಜಿಗೆ) ಹೋಗುವುದು ಹೇಗೆ

ಅವ್ವನ ಕುಟುಂಬ ಪಿಂಚಣಿ ಕೇಸಲ್ಲಿ ಕಲಬುರಗಿ ಪೀಠದಿಂದ ಆದೇಶ ಬಂದ ಮೇಲೆ ನಾವು ಯಾದಗಿರಿಯಲ್ಲಿ ಮೂರು ತಿಂಗಳು ಸುಮ್ನೆ ಕಾದೆವು, ಇನ್ನೇನು ಅವರೇ ಕರೆಯುತ್ತಾರೆ ಅಂತ. ಆಮೇಲೆ ಆದೇಶದ ಕೊನೆಯ ಪುಟ ಸರಿಯಾಗಿ ಓದಿದೆ. ಆದೇಶದ ಪ್ರತಿ ತಲುಪಿದ ದಿನದಿಂದ ಎಂಟು ವಾರ ಅಂತ ಇತ್ತು. ಪ್ರತಿಯನ್ನು ನಾವು ಕೊಟ್ಟೇ ಇರಲಿಲ್ಲ!

ಹಾಗಾಗಿ ಮೊದಲು ದೃಢೀಕೃತ ಪ್ರತಿ ತೆಗೆಸಿ. ಒಂದು ಪುಟದ ಮನವಿ ಜೊತೆಗಿಟ್ಟು ಟಪಾಲು ವಿಭಾಗಕ್ಕೆ ಕೊಡಿ, ಇನ್ನೊಂದು ಸೆಟ್ ಅಧಿಕಾರಿಗೆ ಸ್ಪೀಡ್ ಪೋಸ್ಟ್‌ನಲ್ಲಿ ಕಳಿಸಿ. ನಿಮ್ಮ ಪ್ರತಿಯ ಮೇಲೆ ಸೀಲು, ಸಹಿ, ತಾರೀಕು ಮೂರೂ ಬೇಕು. ನಮ್ಮದರ ಮೇಲೆ ಸೀಲು ಹೊಡೆದು ತಾರೀಕು ಬಿಟ್ಟಿದ್ದರು. ಅವ್ವ ಕಿಟಕಿ ಬಿಟ್ಟು ಕದಲಲಿಲ್ಲ, ಬರೆಸಿಕೊಂಡೇ ಬಂದಳು. ಮುಂದೆ ವಕೀಲರು ಮೊದಲು ಕೇಳಿದ್ದು ಆ ತಾರೀಕನ್ನೇ.

ಆದೇಶದ ಮಾತನ್ನೂ ಗಮನಿಸಿ. ‘ಹಣ ಪಾವತಿಸಿ’ ಅಂತಿದ್ದರೆ ಪಾವತಿಸಲೇಬೇಕು. ‘ಅರ್ಜಿಯನ್ನು ಪರಿಗಣಿಸಿ’ ಅಂತ ಮಾತ್ರ ಇದ್ದರೆ, ಅವರು ಕಾರಣ ಬರೆದು ಆಗಲ್ಲ ಅಂತ ಹಿಂಬರಹ ಕೊಟ್ಟರೂ ಸಾಮಾನ್ಯವಾಗಿ ಆದೇಶ ಪಾಲಿಸಿದಂತೆಯೇ. ಆಗ ಕಂಟೆಂಪ್ಟ್ ನಿಲ್ಲುವುದು ಕಷ್ಟ, ಹಿಂಬರಹದ ವಿರುದ್ಧ ಹೈಕೋರ್ಟಿನಲ್ಲಿ ಹೊಸ ರಿಟ್ ಅರ್ಜಿ ಹಾಕಬೇಕು. ಇದು ಗೊತ್ತಿಲ್ಲದೆ ಜನ ಒಂದೊಂದು ವರ್ಷ ಕಳೆದುಕೊಳ್ಳುತ್ತಾರೆ, ನೋಡಿದರೆ ಸಂಕಟವಾಗುತ್ತದೆ.

ಆ ವರ್ಷವೇ ಮುಖ್ಯ. 1971ರ ನ್ಯಾಯಾಂಗ ನಿಂದನೆ ಕಾಯ್ದೆಯ 20ನೇ ಕಲಂ ಪ್ರಕಾರ ಉಲ್ಲಂಘನೆ ಆದ ದಿನದಿಂದ ಒಂದು ವರ್ಷದೊಳಗೆ ಹೋಗಬೇಕು, ಅಂದರೆ ಆ ಎಂಟು ವಾರ ಮುಗಿದಾಗಿನಿಂದ ಲೆಕ್ಕ ಇಡಿ. ಮತ್ತೆ ಮತ್ತೆ ನೆನಪೋಲೆ ಬರೆದರೆ ಅವಧಿ ಬೆಳೆಯುವುದಿಲ್ಲ.

ಅರ್ಜಿ ಹಾಕುವುದು ಸಂಬಂಧಪಟ್ಟ ಅಧಿಕಾರಿಯ ಹೆಸರಿನ ಮೇಲೆ, ಬರೀ ಇಲಾಖೆ ಮೇಲಲ್ಲ. ಗೊತ್ತಿದ್ದೂ ಬೇಕಂತಲೇ ಪಾಲಿಸಲಿಲ್ಲ ಅಂತ ತೋರಿಸಬೇಕು, ಅದಕ್ಕೇ ಆ ಸೀಲು. ಅವರು ವರ್ಗವಾಗಿದ್ದರೆ ಹೊಸಬರಿಗೂ ಪ್ರತಿ ತಲುಪಿಸಿ. ಅಪೀಲು ಹಾಕಿದ್ದೇವೆ ಅಂದರೆ ಹೆದರಬೇಡಿ, ತಡೆಯಾಜ್ಞೆ ತೋರಿಸಿ ಅನ್ನಿ. ಅಪೀಲು ಇದ್ದ ಮಾತ್ರಕ್ಕೆ ಆದೇಶ ನಿಲ್ಲುವುದಿಲ್ಲ.

ಕಾಲುವೆಗೆ, ರಸ್ತೆಗೆ ಜಮೀನು ಕೊಟ್ಟು ಸಿವಿಲ್ ಕೋರ್ಟಿನಲ್ಲಿ ಹೆಚ್ಚಿನ ಪರಿಹಾರ ಗೆದ್ದವರ ದಾರಿ ಬೇರೆ. ಅವರು ಅದೇ ಕೋರ್ಟಿನಲ್ಲಿ ಎಕ್ಸಿಕ್ಯೂಷನ್ ಅರ್ಜಿ, ಅಂದರೆ ತೀರ್ಪು ಜಾರಿ ಮಾಡಿಸಿ ಅಂತ ಕೇಳುವ ಅರ್ಜಿ ಹಾಕಬೇಕು. ಕಚೇರಿಯ ಜೀಪು, ಕುರ್ಚಿ ಜಪ್ತಿ ಆಗುವುದು ಅದರಿಂದಲೇ.

ವಕೀಲರ ಫೀಜಿಗೆ ದುಡ್ಡಿಲ್ಲದಿದ್ದರೆ ಕಾನೂನು ಸೇವಾ ಪ್ರಾಧಿಕಾರಕ್ಕೆ ಹೋಗಿ. ಮಹಿಳೆಯರಿಗೆ, ಪರಿಶಿಷ್ಟ ಜಾತಿ, ಪಂಗಡದವರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ.

ಶಿಕ್ಷೆ ಆರು ತಿಂಗಳವರೆಗೆ ಸಾದಾ ಜೈಲು ಅಥವಾ 2,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಕ್ಷಮೆ ಕೇಳಿದರೆ ಕೋರ್ಟ್ ಬಿಡಲೂಬಹುದು. ನಮಗೆ ಬೇಕಿರುವುದು ಕೆಲಸ ಆಗುವುದು, ಅಲ್ವಾ? ಎಷ್ಟೋ ಸಲ ನೋಟಿಸ್ ಹೋದ ಮೇಲೆ ಆದೇಶ ಪಾಲಿಸಿದ್ದೇವೆ ಅಂತ ಅಫಿಡವಿಟ್ ಬರುತ್ತದೆ. ಅದರ ಲೆಕ್ಕವನ್ನು ನೀವೇ ಕೂತು ಕೂಡಿ ನೋಡಿ. ನಮ್ಮದರಲ್ಲಿ ಹನ್ನೊಂದು ತಿಂಗಳ ಬಾಕಿ ಬಿಟ್ಟುಹೋಗಿತ್ತು, ಕೇಸ್ ಮುಗಿಯುವ ಮುಂಚೆ ಹೇಳಿದ್ದಕ್ಕೆ ಅದೂ ಸೇರಿತು.